ಟೈಮ್‌ಕೋಡ್ ಬರೆಯುವ ಕೆಲಸದಿಂದ ಶುರುವಾಗಿದ್ದು

ಟಿವಿಗೆ ಸೇರಿದಾಗ ಕೈಗೆ ಕ್ಯಾಮೆರಾ ಕೊಡುತ್ತಾರೆ ಅಂದುಕೊಂಡಿದ್ದೆ. ಕೊಟ್ಟಿದ್ದು ಒಂದು ನೋಟ್‌ಬುಕ್ಕು, ಒಂದು ಪೆನ್ನು. ಬೇರೆಯವರು ಶೂಟ್ ಮಾಡಿ ತಂದ ಬೀಟಾಕ್ಯಾಮ್ ಕ್ಯಾಸೆಟ್ ನೋಡಿ, ಯಾವ ಮಾತು ಎಲ್ಲಿದೆ ಎಂದು ಟೈಮ್‌ಕೋಡ್ ಸಮೇತ ಬರೆದಿಡಬೇಕು. ಗಂಟೆ, ನಿಮಿಷ, ಸೆಕೆಂಡು, ಕೊನೆಗೆ ಫ್ರೇಮು, ಅಂದರೆ ಆ ಸೆಕೆಂಡಿನೊಳಗಿನ ಎಷ್ಟನೇ ಚಿತ್ರ ಅನ್ನುವುದು. ಅರ್ಧ ಗಂಟೆಯ ಕ್ಯಾಸೆಟ್ಟಿಗೆ ನನಗೆ ಎರಡು ಗಂಟೆ ಹಿಡಿಯುತ್ತಿತ್ತು. ಇದಕ್ಕಾ ಇಷ್ಟು ಓದಿದ್ದು ಎಂದು ಗೊಣಗಿಕೊಂಡೇ ಮಾಡಿದೆ.

ಹಾಗೆ ಬರೆಯುತ್ತಾ ಒಂದು ವಿಷಯ ಗೊತ್ತಾಯಿತು. ಉತ್ತರ ಮುಗಿಯಿತು ಅನ್ನಿಸಿದ ಮೇಲೂ ನಾಲ್ಕೈದು ಸೆಕೆಂಡು ಸುಮ್ಮನಿದ್ದರೆ, ಎದುರಿಗಿರುವವರು ತಾವಾಗಿಯೇ ಇನ್ನೊಂದು ಮಾತು ಸೇರಿಸುತ್ತಾರೆ. ನಮಗೆ ಬೇಕಾದ ಮಾತು ಎಷ್ಟೋ ಸಲ ಅದೇ ಆಗಿರುತ್ತದೆ. ಅಷ್ಟರಲ್ಲಿ ವರದಿಗಾರರು "ಹೂಂ ಹೂಂ" ಅಂದುಬಿಟ್ಟಿರುತ್ತಿದ್ದರು. ಮಾತಿನ ಮೇಲೆ ಕೂತ ಹೂಂ ಅನ್ನು ಎಡಿಟಿಂಗ್‌ನಲ್ಲಿ ಕಿತ್ತುಹಾಕುವುದು ಕಷ್ಟ. ಇವತ್ತಿಗೂ ಸಂದರ್ಶನದಲ್ಲಿ ನಾನು ತಲೆ ಮಾತ್ರ ಆಡಿಸುತ್ತೇನೆ.

ಆಮೇಲೆ ವಾರಕ್ಕೊಂದು ಪ್ರಚಲಿತ ವಿದ್ಯಮಾನದ ಕಾರ್ಯಕ್ರಮಕ್ಕೆ ಪ್ರೊಡ್ಯೂಸರ್ ಆದೆ. ಅರ್ಧ ಗಂಟೆಯ ಸ್ಲಾಟ್ ಅಂತ ಹೆಸರು. ಜಾಹೀರಾತು ಕಳೆದರೆ ನಮಗೆ ಸಿಗುತ್ತಿದ್ದದ್ದು 22 ನಿಮಿಷ. ಅಲ್ಲಿ ನಾನು ಮಾಡಿದ ದೊಡ್ಡ ತಪ್ಪು ಹೇಳಲೇಬೇಕು. ಒಂದು ಸಂಚಿಕೆಯಲ್ಲಿ ಒಂದು ಸಂಸ್ಥೆಯ ಮೇಲೆ ಆರೋಪ ಇತ್ತು. ಪ್ರಸಾರದ ದಿನ ಮಧ್ಯಾಹ್ನ ಅವರಿಗೊಂದು ಫೋನ್ ಮಾಡಿದೆ. ಎತ್ತಲಿಲ್ಲ. "ಪ್ರತಿಕ್ರಿಯೆಗೆ ಸಿಗಲಿಲ್ಲ" ಎಂದು ಸ್ಕ್ರಿಪ್ಟಿಗೆ ಸೇರಿಸಿಬಿಟ್ಟೆ. ಮರುದಿನ ದೂರು ಬಂತು. ಆರೋಪ ಸುಳ್ಳು ಅಂತಲ್ಲ, ಉತ್ತರ ಕೊಡಲು ಸಮಯವನ್ನೇ ಕೊಡಲಿಲ್ಲ ಅಂತ. ನ್ಯಾಯ ಅವರ ಕಡೆಗೇ ಇತ್ತು. ಮುಂದಿನ ವಾರ ಅವರ ಉತ್ತರವನ್ನು ಪೂರ್ತಿ ಓದಿಸಿದೆವು. ಆವತ್ತಿನಿಂದ ಆರೋಪಗಳನ್ನು ಒಂದೊಂದಾಗಿ ಬರೆದು, ಉತ್ತರಕ್ಕೆ ಇಂಥ ದಿನ ಅಂತ ಹೇಳಿ, ಪ್ರಸಾರಕ್ಕೆ ಸಾಕಷ್ಟು ಮೊದಲೇ ಕಳಿಸುತ್ತೇನೆ. ಒಮ್ಮೆ ಹಾಗೆ ಬಂದ ಉತ್ತರ ನಮ್ಮ ಅರ್ಧ ಕಥೆಯನ್ನೇ ಬೀಳಿಸಿತು. ಪ್ರಸಾರ ಆದ ಮೇಲೆ ಬಿದ್ದಿದ್ದರೆ? ನೆನೆಸಿಕೊಂಡರೆ ಈಗಲೂ ಮೈ ಬೆವರುತ್ತದೆ.

ಸಾಕ್ಷ್ಯಚಿತ್ರಕ್ಕೆ ಬಂದಿದ್ದು ತಡವಾಗಿ. ಮೊದಲನೆಯದಕ್ಕೆ 52 ನಿಮಿಷ ಬೇಕಿತ್ತು, ತಂದಿದ್ದು 60 ಗಂಟೆಯ ರಶಸ್, ಅಂದರೆ ಇನ್ನೂ ಎಡಿಟ್ ಮಾಡದ ಫುಟೇಜ್. ಅಷ್ಟು ಜಾಸ್ತಿ ಶೂಟ್ ಮಾಡಿದ್ದು ಶ್ರದ್ಧೆಯಿಂದಲ್ಲ. ಏನು ಬೇಕು ಅಂತ ಗೊತ್ತಿಲ್ಲದೆ. ಮಾತನ್ನೆಲ್ಲ ಟೈಪ್ ಮಾಡಿಸಿ, ಕತ್ತರಿಸಿ, ಗೋಡೆಗೆ ಅಂಟಿಸಿ ಪೇಪರ್ ಎಡಿಟ್ ಮಾಡಿದೆ, ಅಂದರೆ ಯಾವ ಮಾತಿನ ಮುಂದೆ ಯಾವುದು ಅಂತ ಕಾಗದದಲ್ಲೇ ಜೋಡಿಸಿದೆ. ಗೋಡೆಯ ಮೇಲೆ ಚೆನ್ನಾಗೇ ಇತ್ತು. ತೆರೆಯ ಮೇಲೆ ಸತ್ತುಬಿದ್ದಿತ್ತು. ಕಾಗದದಲ್ಲಿ ದನಿ ಇರುವುದಿಲ್ಲ, ತಡವರಿಕೆ ಇರುವುದಿಲ್ಲ ಅಲ್ವಾ? ಮತ್ತೆ ಹಳೇ ನೋಟ್‌ಬುಕ್ ತೆಗೆದೆ. 60 ಗಂಟೆಯನ್ನೂ ಮೊದಲಿನಿಂದ ನೋಡಿ, ಎಲ್ಲಿ ನಾನೇ ಕುರ್ಚಿಯಲ್ಲಿ ಮುಂದಕ್ಕೆ ಬಾಗಿದೆ ಅನ್ನುವುದನ್ನು ಮಾತ್ರ ಗುರುತು ಹಾಕಿದೆ. ಚಿತ್ರ ಅಲ್ಲಿಂದ ಎದ್ದಿತು.

ಸಣ್ಣಪುಟ್ಟ ಅಭ್ಯಾಸಗಳೂ ಇವೆ. ಕ್ಯಾಮೆರಾ ಓಡಲು ಶುರುವಾದ ಕೂಡಲೇ ಹೆಸರು, ಕೆಲಸ ಅವರ ಬಾಯಲ್ಲೇ ಹೇಳಿಸುತ್ತೇನೆ, ತೆರೆಯ ಮೇಲೆ ಹೆಸರು ತಪ್ಪಬಾರದು. ಹೊರಡುವ ಮುಂಚೆ ಆ ಕೋಣೆಯ ಬರೀ ನಿಶ್ಶಬ್ದವನ್ನು ಒಂದು ನಿಮಿಷ ರೆಕಾರ್ಡ್ ಮಾಡುತ್ತೇವೆ. ಎಲ್ಲರೂ ನಗುತ್ತಾರೆ, ನಗಲಿ. ಅದಿಲ್ಲದೆ ಎರಡು ಮಾತು ಜೋಡಿಸಿದರೆ ಹಿಂದಿನ ಫ್ಯಾನಿನ ಸದ್ದು ಕಡಿದುಹೋಗಿ ಕಿವಿಗೆ ಹೊಡೆಯುತ್ತದೆ. ಹಳೆಯ ಫುಟೇಜ್ ಬಳಸುವುದಾದರೆ ಹಕ್ಕಿನ ಮಾತು ಮೊದಲೇ ಆಡಬೇಕು: ಎಷ್ಟು ಸೆಕೆಂಡು, ಎಷ್ಟು ವರ್ಷ, ಟಿವಿಗೆ ಮಾತ್ರವೋ ಇಂಟರ್ನೆಟ್ಟಿಗೂ ಸೇರಿಯೋ. ತಡಮಾಡಿ ಕೇಳಿ, ಪಿಕ್ಚರ್ ಲಾಕ್ ಆದ ಮೇಲೆ, ಅಂದರೆ ಇನ್ನು ದೃಶ್ಯ ಬದಲಿಸುವುದಿಲ್ಲ ಅಂತ ಎಡಿಟ್ ಮುಗಿಸಿದ ಮೇಲೆ, 40 ಸೆಕೆಂಡು ಕಿತ್ತ ನೋವು ನನಗಿದೆ.

ಈಗ ಮಾತನ್ನು ಬರಹ ಮಾಡಿಕೊಡುವ ಸಾಫ್ಟ್‌ವೇರ್ ಇದೆ. ಆದರೂ ಹೊಸದಾಗಿ ಸೇರಿದವರಿಂದ ಮೊದಲ ಕೆಲವು ಗಂಟೆಯ ರಶಸ್ ಕೈಯಲ್ಲೇ ಬರೆಸುತ್ತೇನೆ. ನನ್ನನ್ನು ಬೈದುಕೊಳ್ಳುತ್ತಾರೆ, ಗೊತ್ತು. ಇತ್ತೀಚೆಗೆ ಒಬ್ಬ ಹುಡುಗಿ ಬರೆದ ಹಾಳೆಯಲ್ಲಿ ಒಂದು ಸಾಲಿತ್ತು: "ಇಲ್ಲಿ ಆರು ಸೆಕೆಂಡು ಏನೂ ಇಲ್ಲ. ಆಮೇಲೆ ನಗುತ್ತಾರೆ." ಸಾಫ್ಟ್‌ವೇರ್ ಕೊಟ್ಟ ಬರಹದಲ್ಲಿ ಆ ಜಾಗ ಖಾಲಿ. ನಮ್ಮ ಚಿತ್ರ ಈಗ ಆ ಆರು ಸೆಕೆಂಡಿನಿಂದ ಶುರುವಾಗುತ್ತದೆ.