ಜಿಮ್ಮಿ ಮೆಕ್‌ಗ್ರೋರಿಯವರ ಗೋಲುಗಳನ್ನು ಎದುರಾಳಿಯ ಊರಿನಿಂದ ಎಣಿಸಿದ ನನ್ನ ಅನುಭವ

ಆಟಗಾರನ ಹೆಸರನ್ನು ಹುಡುಕುವುದನ್ನು ಬಿಟ್ಟು ಪಂದ್ಯದ ದಿನಾಂಕವನ್ನು ಹಿಡಿದು ಹೊರಟಾಗ, ಹಳೆಯ ಫುಟ್‌ಬಾಲ್ ಅಂಕಿಅಂಶಗಳನ್ನು ಸಂಗ್ರಹಿಸುವ ನಮ್ಮ ಬಳಗದ ಹಿರಿಯರಿಬ್ಬರು ಇದು ಮುಗಿಯುವ ಕೆಲಸವಲ್ಲ ಎಂದಿದ್ದರು. ಕೆಲಸ ಮುಗಿಯಿತು. 1922ರಿಂದ 1937ರವರೆಗೆ ಸ್ಕಾಟ್ಲೆಂಡಿನ ಗ್ಲಾಸ್ಗೋ ನಗರದ ಸೆಲ್ಟಿಕ್ ತಂಡದ ಪರ ಆಡಿದ, ನಡುವೆ 1923–24ರ ಋತುವನ್ನು ಎರವಲಾಗಿ ಕ್ಲೈಡ್‌ಬ್ಯಾಂಕ್ ತಂಡದಲ್ಲಿ ಕಳೆದ ಮೆಕ್‌ಗ್ರೋರಿಯವರ 408 ಲೀಗ್ ಪಂದ್ಯಗಳೂ ಪಂದ್ಯಕ್ಕೊಂದು ಕಾರ್ಡಿನಂತೆ ಈಗ ನನ್ನ ಪೆಟ್ಟಿಗೆಯಲ್ಲಿವೆ. ಅವರ ಲೀಗ್ ಗೋಲುಗಳು ಒಂದು ಪುಸ್ತಕದಲ್ಲಿ 408, ಇನ್ನೊಂದರಲ್ಲಿ 410 ಎಂದು ಇರುವುದನ್ನು ಕಂಡಾಗಿನಿಂದ ನನಗೆ ಸಮಾಧಾನವಿರಲಿಲ್ಲ.

ಮೊದಲ ವರ್ಷ ಪೂರ್ತಿ ವ್ಯರ್ಥವಾಯಿತು. ಅಂತರ್ಜಾಲದ ಪತ್ರಿಕಾ ಸಂಗ್ರಹವೊಂದಕ್ಕೆ ಸುಮಾರು ನೂರು ಪೌಂಡ್ ಚಂದಾ ಕಟ್ಟಿ, ಹೆಸರನ್ನು ನಮೂದಿಸಿ, ಸಿಕ್ಕಿದ್ದನ್ನೆಲ್ಲ ಬರೆದುಕೊಂಡೆ. ಆದರೂ ಅರ್ಧದಷ್ಟು ಪಂದ್ಯಗಳು ಕೈಗೆ ಬರಲಿಲ್ಲ. ಕಾರಣ ತಿಳಿದದ್ದು ಗ್ಲಾಸ್ಗೋದ ಮಿಚೆಲ್ ಗ್ರಂಥಾಲಯದಲ್ಲಿ ಹಳೆಯ ಪತ್ರಿಕೆಗಳ ಪುಟಗಳನ್ನು ಚಿತ್ರವಾಗಿ ಇಳಿಸಿಟ್ಟ ಮೈಕ್ರೋಫಿಲ್ಮ್ ಸುರುಳಿಯನ್ನು ಕೈಯಿಂದ ತಿರುಗಿಸುತ್ತಾ ಕುಳಿತ ದಿನ. ಆ ಕಾಲದ ಸ್ಕಾಟಿಷ್ ಅಚ್ಚುಗಾರರು ‘ಮೆಕ್’ ಎಂಬುದನ್ನು ಪೂರ್ತಿಯಾಗಿ ಜೋಡಿಸದೆ, ಎಂ ಅಕ್ಷರದ ಪಕ್ಕದಲ್ಲಿ ಮೇಲಕ್ಕೆ ಒಂದು ಸಣ್ಣ ಕೊಂಕು ಇಟ್ಟು ‘ಗ್ರೋರಿ’ ಎಂದು ಮುಂದುವರಿಸುತ್ತಿದ್ದರು. ಮಸಿ ಹರಡಿದ ಪುಟದಲ್ಲಿ ಆ ಕೊಂಕನ್ನು ಅಂತರ್ಜಾಲ ಸಂಗ್ರಹದ ಅಕ್ಷರ ಓದುವ ಯಂತ್ರವು ಒಮ್ಮೆ ಚುಕ್ಕೆಯೆಂದೂ ಮತ್ತೊಮ್ಮೆ ಇನ್ನೊಂದು ಅಕ್ಷರವೆಂದೂ ಓದಿದರೆ, ಹೆಸರು ಎಷ್ಟು ಹುಡುಕಿದರೂ ಸಿಗುವುದಿಲ್ಲ. ಇದರ ನಡುವೆ ಸಿಗರೇಟ್ ಪೊಟ್ಟಣದೊಳಗೆ ಬರುತ್ತಿದ್ದ ಆಟಗಾರರ ಚಿತ್ರದ ಹಳೆಯ ಕಾರ್ಡುಗಳಿಗೆಂದು ನಲವತ್ತು ಪೌಂಡ್ ಕಳೆದುಕೊಂಡೆ. ಅವುಗಳಲ್ಲಿ ಕೆಲವು ಇತ್ತೀಚಿನ ಮರುಮುದ್ರಣಗಳಾಗಿದ್ದವು. ಅಸಲಿ ಕಾರ್ಡುಗಳ ಹಿಂಬದಿಯಲ್ಲಿಯೂ ನಾಲ್ಕು ಸಾಲಿನ ಹೊಗಳಿಕೆಯ ಹೊರತು ಲೆಕ್ಕಕ್ಕೆ ಒದಗುವಂಥದ್ದು ಇರಲಿಲ್ಲ.

ಆಮೇಲೆ ಹಿಡಿದ ದಾರಿ ಇದು. ಮೊದಲು ಋತುವಿನ ಪಂದ್ಯಪಟ್ಟಿಯನ್ನು ಬರೆದುಕೊಂಡು, ಪ್ರತಿ ಪಂದ್ಯಕ್ಕೂ ಮೂರು ವರದಿಗಳನ್ನು ಓದಿದೆ: ಶನಿವಾರ ಸಂಜೆಯ ಕ್ರೀಡಾ ಆವೃತ್ತಿ, ಸೋಮವಾರದ ದಿನಪತ್ರಿಕೆ, ಎದುರಾಳಿಯ ಊರಿನ ಪತ್ರಿಕೆ. ಇವನ್ನು ಕ್ರಮವಾಗಿ ನೀಲಿ, ಕಪ್ಪು, ಕೆಂಪು ಶಾಯಿಯಲ್ಲಿ ಕಾರ್ಡಿಗೆ ಇಳಿಸಿದೆ. ಸಂಜೆಯ ಆವೃತ್ತಿಯ ವರದಿ ಆಟ ನಡೆಯುತ್ತಿರುವಾಗಲೇ ಟೆಲಿಫೋನಿನಲ್ಲಿ ಹೋದದ್ದಾದ್ದರಿಂದ ಗೋಲಿನ ಮುಂದಿನ ಗದ್ದಲದಲ್ಲಿ ಕೊನೆಯದಾಗಿ ಚೆಂಡನ್ನು ಮುಟ್ಟಿದವರು ಯಾರೆಂಬುದರಲ್ಲಿ ತಪ್ಪುವುದು ಸಹಜ. ಎದುರಾಳಿಯ ಊರಿನ ವಾರಪತ್ರಿಕೆಗೆ ಅಂಥ ಅವಸರವಿಲ್ಲ. ತನ್ನ ತಂಡದ ಬಲೆಗೆ ಬಿದ್ದ ಪ್ರತಿ ಗೋಲಿಗೂ ತಪ್ಪು ಯಾವ ರಕ್ಷಣಾ ಆಟಗಾರನದು, ಯಾವ ಗೋಲ್‌ಕೀಪರ್‌ನದು ಎಂದು ಅದು ಸಂಕಟದಿಂದಲೇ ವಿಚಾರಿಸುತ್ತದೆ. ಸೋತವರಷ್ಟು ಶ್ರದ್ಧೆಯಿಂದ ಗೋಲಿನ ಲೆಕ್ಕವನ್ನು ಬೇರೆ ಯಾರೂ ಇಡುವುದಿಲ್ಲ ಎಂಬ ನನ್ನ ನಂಬಿಕೆ ಪ್ರತಿ ಸುರುಳಿಯಲ್ಲೂ ಗಟ್ಟಿಯಾಯಿತು.

ಉತ್ತರ ಮೊದಲೇ ಗೊತ್ತಿರುವ ಮೂರು ಪಂದ್ಯಗಳ ಮೇಲೆ ಇದನ್ನು ಪರೀಕ್ಷಿಸಿದೆ. ಒಂದು, 1928ರ ಜನವರಿ 14ರಂದು ಡನ್‌ಫರ್ಮ್‌ಲಿನ್ ವಿರುದ್ಧ 9–0 ಗೆಲುವಿನಲ್ಲಿ ಮೆಕ್‌ಗ್ರೋರಿಯವರು ಒಬ್ಬರೇ ಎಂಟು ಗೋಲು ಹೊಡೆದದ್ದು. ಎರಡು, 1936ರಲ್ಲಿ ಮದರ್‌ವೆಲ್ ವಿರುದ್ಧ ಮೂರು ನಿಮಿಷದೊಳಗೆ ಹೊಡೆದ ಮೂರು ಗೋಲು. ಮೂರು, 1931ರ ಸ್ಕಾಟಿಷ್ ಕಪ್ ಫೈನಲ್. ಅಲ್ಲಿ ಸೆಲ್ಟಿಕ್ ಎರಡು ಗೋಲು ಹಿಂದಿದ್ದಾಗ ಇವರು ಒಂದನ್ನು ಹೊಡೆದರು, ಕೊನೆಯ ಗಳಿಗೆಯಲ್ಲಿ ಮದರ್‌ವೆಲ್‌ನ ಅಲನ್ ಕ್ರೇಗ್ ಚೆಂಡನ್ನು ತಲೆಯಿಂದ ತಮ್ಮದೇ ಬಲೆಗೆ ಹಾಕಿದ್ದರಿಂದ ಪಂದ್ಯ ಸಮವಾಯಿತು. ಮೂರರಲ್ಲೂ ಕೆಂಪು ಶಾಯಿ ಸರಿಯಾದ ಉತ್ತರವನ್ನೇ ಕೊಟ್ಟಿತು. ಸಂದೇಹಪಟ್ಟಿದ್ದ ಹಿರಿಯರೊಬ್ಬರು ಈಗ ತಮ್ಮ ಆಟಗಾರನ ಕಾರ್ಡುಗಳಿಗೂ ಮೂರು ಶಾಯಿ ಬಳಸುತ್ತಿದ್ದಾರೆ ಎಂಬುದು ನನಗೆ ಹೆಮ್ಮೆಯ ವಿಷಯ. ಮೂರು ವರದಿಗಳೂ ಮೂರು ಹೆಸರು ಹೇಳಿದಾಗ ಏನು ಮಾಡಬೇಕೆಂಬುದಕ್ಕೂ ನನ್ನ ಬಳಿ ಒಂದು ಕ್ರಮವಿದೆ. ಅದನ್ನೂ ಅಂಥ ಬೆರಳೆಣಿಕೆಯ ಕಾರ್ಡುಗಳನ್ನೂ ಪಟ್ಟಿ ಪ್ರಕಟವಾಗುವವರೆಗೆ ನನ್ನಲ್ಲೇ ಇಟ್ಟುಕೊಳ್ಳುತ್ತೇನೆ.

ತಲೆಯಿಂದ ಗೋಲು ಹೊಡೆಯುವುದರಲ್ಲಿ ಅವರು ಹೆಸರುವಾಸಿ. ವರದಿಗಳಲ್ಲಿ ಅದನ್ನು ಮತ್ತೆ ಮತ್ತೆ ಓದಿ, ಆ ಚೆಂಡಿನ ಭಾರವನ್ನು ಕೈಯಲ್ಲಿ ಹಿಡಿದು ನೋಡದೆ ಇರಲಾಗಲಿಲ್ಲ. 1937ರವರೆಗೆ ನಿಯಮದ ಪ್ರಕಾರ ಆಟದ ಆರಂಭದಲ್ಲಿ ಚೆಂಡು 13ರಿಂದ 15 ಔನ್ಸ್, ಅಂದರೆ ಸುಮಾರು 370ರಿಂದ 425 ಗ್ರಾಂ, ತೂಗಬೇಕಿತ್ತು. ಲೇಸ್ ಬಿಗಿದ ಹಳೆಯ ಮಾದರಿಯ ತೊಗಲಿನ ಚೆಂಡೊಂದನ್ನು ಮೂವತ್ತು ಪೌಂಡಿಗೆ ಕೊಂಡು, ಬಕೆಟ್ಟಿನ ನೀರಿನಲ್ಲಿ ಒಂದು ಗಂಟೆ ಮುಳುಗಿಸಿ ಅಡುಗೆಮನೆಯ ತಕ್ಕಡಿಯಲ್ಲಿಟ್ಟೆ. ಒಣಗಿದ್ದಾಗ 420 ಗ್ರಾಂನಷ್ಟಿದ್ದದ್ದು 550 ದಾಟಿತು. ಲೇಸಿನ ಗಂಟು ಹಣೆಗೆ ತಾಗುವಂತೆ ಒಮ್ಮೆ ಮೆಲ್ಲಗೆ ಎಸೆದು ತಲೆಯೊಡ್ಡಿದೆ. ಕೆಂಪು ಗುರುತು ಸಂಜೆಯವರೆಗೆ ಇತ್ತು. 1935–36ರ ಒಂದೇ ಲೀಗ್ ಋತುವಿನ 50 ಗೋಲುಗಳನ್ನು ಆ ದಿನದಿಂದ ನಾನು ಬೇರೆಯೇ ಗೌರವದಿಂದ ಎಣಿಸುತ್ತಿದ್ದೇನೆ.

ರೈಲಿನ ಟಿಕೆಟ್, ನಕಲು ಪ್ರತಿಗಳ ಶುಲ್ಕ, ಚಂದಾ, ಕಾರ್ಡು ಎಲ್ಲ ಸೇರಿ ಎರಡೂವರೆ ವರ್ಷಕ್ಕೆ ಆರುನೂರು ಪೌಂಡ್ ಆಗಿರಬಹುದು. ಅದರಲ್ಲಿ ಮೊದಲ ವರ್ಷದ ಇನ್ನೂರನ್ನು ನೀವು ಉಳಿಸಬಹುದು: ಚಂದಾ ಕಟ್ಟುವ ಮೊದಲು ಎದುರಾಳಿಗಳ ಊರುಗಳ ಪಟ್ಟಿ ಮಾಡಿ, ಯಾವ ಊರಿನ ಗ್ರಂಥಾಲಯದಲ್ಲಿ ಯಾವ ಸುರುಳಿಯಿದೆ ಎಂದು ಪತ್ರ ಬರೆದು ಕೇಳಿ. ಡನ್‌ಫರ್ಮ್‌ಲಿನ್‌ಗೆ ಹಾಗೆ ಕೇಳದೆಯೇ ಒಮ್ಮೆ ಹೋಗಿ, ಸುರುಳಿ ಓದುವ ಯಂತ್ರ ಕೆಟ್ಟಿದ್ದರಿಂದ ಬರಿಗೈಯಲ್ಲಿ ಹಿಂದಿರುಗಿದ್ದೆ.

ಕೊನೆಗೆ ತುಂಬಿದ್ದು ಕ್ಲೈಡ್‌ಬ್ಯಾಂಕ್ ಋತುವಿನ ಕಾರ್ಡುಗಳು. ಆ ವರ್ಷ ಅವರು 13 ಲೀಗ್ ಗೋಲು ಗಳಿಸಿದರು. ಅವುಗಳಲ್ಲಿ ಒಂದು ತಮ್ಮನ್ನು ಎರವಲು ಕೊಟ್ಟಿದ್ದ ಸೆಲ್ಟಿಕ್ ವಿರುದ್ಧವೇ. ಆ ಕಾರ್ಡಿನಲ್ಲಿ ಎದುರಾಳಿಯ ಊರು ಗ್ಲಾಸ್ಗೋ ಆದ್ದರಿಂದ, ಬೇರೆ ಊರುಗಳ ತಂಡಗಳ ಕಾರ್ಡುಗಳಲ್ಲಿ ಕಪ್ಪು ಶಾಯಿಯಲ್ಲಿ ಬರೆದ ಪತ್ರಿಕೆಯನ್ನು ಅಲ್ಲಿ ಕೆಂಪಿನಲ್ಲಿ ಬರೆದಿದ್ದೇನೆ.