ರೀಲ್ಸ್ ನೋಡಿ ಶೂ ಕೇಳುವ ಮಗನಿಗೆ ಬೈಯುವ ಮುಂಚೆ

ಒಂಬತ್ತನೇ ಕ್ಲಾಸಿನ ಹುಡುಗ 6,000 ರೂಪಾಯಿಯ ಶೂಗೆ ಹಟ ಹಿಡಿದರೆ ನಮ್ಮ ಬಾಯಿಗೆ ಮೊದಲು ಬರುವುದು "ನಮ್ಮ ಕಾಲದಲ್ಲಿ..." ಅನ್ನೋ ಮಾತು. ಅದನ್ನು ನುಂಗಿಕೊಳ್ಳಿ. ಗೆಳೆಯರ ಮುಂದೆ ತಾನೂ ಒಬ್ಬ ಅಂತ ತೋರಿಸಿಕೊಳ್ಳೋಕೆ ಅವನಿಗೆ ಸದ್ಯಕ್ಕೆ ಕಂಡಿರುವ ದಾರಿ ಅದು.

ಒಂದು ಸಂಜೆ ಪಕ್ಕದಲ್ಲಿ ಕೂತು ಅವನ ಫೋನಿನಲ್ಲೇ 20 ರೀಲ್ಸ್ ನೋಡಿ. ಉಪದೇಶ ಬೇಡ. ಪ್ರತಿಯೊಂದಕ್ಕೂ ಒಂದೇ ಪ್ರಶ್ನೆ ಕೇಳಿ: ಇಲ್ಲಿ ಯಾರು ಏನು ಮಾರುತ್ತಿದ್ದಾರೆ? ತನ್ನ ಬೆಳಗಿನ ದಿನಚರಿ ತೋರಿಸುವ ಹುಡುಗಿಯ ಮೇಜಿನ ಮೇಲೆ ಫೇಸ್‌ವಾಶ್ ಹೆಸರು ಸರಿಯಾಗಿ ಕ್ಯಾಮೆರಾ ಕಡೆಗೇ ತಿರುಗಿರುತ್ತದೆ, ಅಲ್ವಾ? ದುಡ್ಡು ತಗೊಂಡಿದ್ದರೆ, ಬರೀ ಬಿಟ್ಟಿ ಸಾಮಾನು ತಗೊಂಡಿದ್ದರೂ, ಅದನ್ನು ಹೇಳಲೇಬೇಕು ಅಂತ ಜಾಹೀರಾತುಗಳ ಮೇಲೆ ಕಣ್ಣಿಡುವ ಎಎಸ್‌ಸಿಐ 2021ರಲ್ಲೇ ನಿಯಮ ತಂದಿದೆ. 'ಆಡ್', 'ಪೇಯ್ಡ್ ಪಾರ್ಟ್‌ನರ್‌ಶಿಪ್' ಅನ್ನೋ ಸಣ್ಣ ಅಕ್ಷರ ಹುಡುಕುವ ಕೆಲಸ ಅವನಿಗೇ ಬಿಡಿ. ನಮ್ಮನೇಲಿ ಇದೇ ಒಂದು ಆಟವಾಗಿದೆ. ಆ ಅಕ್ಷರ ಹಾಕದೆ ಮಾರುವವರನ್ನೂ ಮಗ ನನಗಿಂತ ಬೇಗ ಹಿಡಿಯುತ್ತಾನೆ.

ಒಂದು ಶೂ ವಿಡಿಯೋ ಪೂರ್ತಿ ನೋಡಿದರೆ ಹಿಂದೆಯೇ ಅಂಥವೇ ಸಾಲುಗಟ್ಟಿ ಬರುತ್ತವೆ, "ಎಲ್ಲರ ಹತ್ರಾನೂ ಇದೆ" ಅನ್ನೋ ಮಾತು ಹುಟ್ಟುವುದು ಅಲ್ಲೇ. ಅಂಥದ್ದು ಬಂದಾಗ 'ನಾಟ್ ಇಂಟರೆಸ್ಟೆಡ್' ಒತ್ತಲು ಕಲಿಸಿ. ಕ್ಲಾಸಿನಲ್ಲಿ ನಿಜಕ್ಕೂ ಎಷ್ಟು ಜನರ ಹತ್ತಿರ ಇದೆ, ಎಣಿಸಿಕೊಂಡು ಬಾ ಅನ್ನಿ. ನನ್ನ ಮಗ ಎಣಿಸಿಕೊಂಡು ಬಂದ. ಇಬ್ಬರು.

ಇನ್ನು ದುಡ್ಡು. ತಿಂಗಳಿಗೆ ಇಷ್ಟು ಅಂತ ಅವನ ಕೈಗೇ ಕೊಟ್ಟುಬಿಡಿ. ಬೇಕಾದ್ದನ್ನು ಕಾರ್ಟಿಗೆ ಹಾಕಿ ಎರಡು ವಾರ ಬಿಡಲಿ, ಆಮೇಲೂ ಬೇಕು ಅಂದರೆ ಅರ್ಧ ಅವನದು, ಅರ್ಧ ನಿಮ್ಮದು. ಒಂದೆರಡು ಸಲ ಮೋಸ ಹೋದರೂ ಪರವಾಗಿಲ್ಲ.

ಬೆಳ್ಳಗಾಗುವ ಕ್ರೀಮು ಕೇಳಿದರೆ ಮಾತ್ರ ಎರಡು ವಾರ ಕಾಯಬೇಡಿ, ಅವತ್ತೇ ಕೂತು ಮಾತಾಡಿ. ಫೇರ್ ಆ್ಯಂಡ್ ಲವ್ಲಿ 2020ರಲ್ಲಿ ತನ್ನ ಹೆಸರಿನಿಂದ 'ಫೇರ್' ತೆಗೆದು 'ಗ್ಲೋ' ಅಂತ ಯಾಕೆ ಹಾಕಿಕೊಂಡಿತು ಅಂತ ಕೇಳಿ. ಮಕ್ಕಳಿಗೆ ಚೆನ್ನಾಗಿಯೇ ಅರ್ಥವಾಗುತ್ತದೆ.

ನಮ್ಮ ಟಿವಿಯನ್ನೂ ಬಿಡಬೇಡಿ. ಸೀರಿಯಲ್ ಸೊಸೆ ಒಗ್ಗರಣೆ ಹಾಕುವಾಗಲೂ ರೇಷ್ಮೆ ಸೀರೆಯಲ್ಲೇ ಇರುತ್ತಾಳೆ. ಅವಳು ಉಟ್ಟಿದ್ದ ಸೀರೆ ಎಲ್ಲಿ ಸಿಗುತ್ತೆ ಅಂತ ನಾನು ಫೋನಿನಲ್ಲಿ ಹುಡುಕುತ್ತಿದ್ದಾಗ ಮಗ ಹಿಂದಿನಿಂದ ಬಗ್ಗಿ ನೋಡಿ, "ಅಮ್ಮಾ, ಇಲ್ಲಿ ಯಾರು ಏನು ಮಾರ್ತಿದ್ದಾರೆ?" ಅಂದ. ಸೀರೆ ಇನ್ನೂ ಕಾರ್ಟಿನಲ್ಲೇ ಇದೆ, ಎರಡು ವಾರ ಆಗಿಲ್ಲ.