ರೂಬಿಕ್ಸ್ ಕ್ಯೂಬ್: ಸೂತ್ರಕ್ಕಿಂತ ಮೊದಲು ಹಿಡಿತ

ಮೂರು ಸಾಲಿನ ಸಾಮಾನ್ಯ ಕ್ಯೂಬ್ ಬಿಡಿಸಲು ನಾನು ಹೊಸಬರಿಗೆ ಹೇಳಿಕೊಡುವುದು ಪದರ ಪದರವಾಗಿ ಹೋಗುವ ಹಳೆಯ ಕ್ರಮವನ್ನೇ. ಮೊದಲು ಬಿಳಿ ಪದರ, ಆಮೇಲೆ ನಡುವಿನದು, ಕೊನೆಗೆ ಹಳದಿ. ಒಟ್ಟು ಏಳು ಸೂತ್ರ ಸಾಕು, ಯಾವುದರಲ್ಲೂ ಎಂಟಕ್ಕಿಂತ ಹೆಚ್ಚು ತಿರುವಿಲ್ಲ. ಬಾಯಿಪಾಠ ಎರಡು ಮೂರು ದಿನದ ಕೆಲಸ. ಆದರೂ ಬಹಳ ಜನ ಅರ್ಧಕ್ಕೇ ಬಿಟ್ಟುಬಿಡುತ್ತಾರೆ. ನಾನು ನೋಡಿದಂತೆ, ಸೂತ್ರ ಮರೆತು ಕೆಡಿಸಿಕೊಳ್ಳುವವರು ಕಡಿಮೆ. ಸೂತ್ರ ಸರಿಯಾಗಿಯೇ ಗೊತ್ತಿದ್ದು, ಶುರುಮಾಡುವ ಮುಂಚೆ ಕ್ಯೂಬನ್ನು ತಪ್ಪು ಕಡೆಯಿಂದ ಹಿಡಿದು ಕೆಡಿಸಿಕೊಳ್ಳುವವರೇ ಹೆಚ್ಚು. ಅದಕ್ಕೇ ಪ್ರತಿ ಹಂತದಲ್ಲೂ ಯಾವ ಬಣ್ಣ ಮೇಲಿರಬೇಕು, ಯಾವ ತುಣುಕು ಎಲ್ಲಿರಬೇಕು ಅನ್ನುವುದನ್ನು ಒತ್ತಿ ಹೇಳುತ್ತೇನೆ.

ಕ್ಯೂಬಿನ ಹೊರಗೆ ಕಾಣುವುದು 26 ತುಣುಕು. ಆರು ಮುಖಗಳ ನಡುವಿನ ಆರು ತುಣುಕುಗಳು ಒಳಗಿನ ಅಚ್ಚಿಗೆ ಸ್ಕ್ರೂ ಹಾಕಿ ಕೂರಿಸಿದಂಥವು. ಅವು ನಿಂತಲ್ಲೇ ತಿರುಗುತ್ತವೆ, ಒಂದರ ಜಾಗಕ್ಕೆ ಇನ್ನೊಂದು ಹೋಗುವುದಿಲ್ಲ. ಹಾಗಾಗಿ ನಡುವಿನ ಬಣ್ಣವೇ ಆ ಮುಖದ ಬಣ್ಣ. ಬಿಳಿಯ ಎದುರು ಹಳದಿ, ಹಸಿರಿನ ಎದುರು ನೀಲಿ, ಕೆಂಪಿನ ಎದುರು ಕಿತ್ತಳೆ. ಉಳಿದವುಗಳಲ್ಲಿ ಎರಡು ಬಣ್ಣದ ಅಂಚು ತುಣುಕು 12, ಮೂರು ಬಣ್ಣದ ಮೂಲೆ ತುಣುಕು 8. ಬಿಳಿ-ಕೆಂಪು ಅಂಚು ಅಂತ ಇರುವುದು ಒಂದೇ, ಅದಕ್ಕೆ ಇರುವ ಜಾಗವೂ ಒಂದೇ. ಒಂದು ಮುಖ ಪೂರ್ತಿ ಬಿಳಿ ಮಾಡಿ ತೋರಿಸುವವರನ್ನು ನೋಡಿರುತ್ತೀರಿ. ಪಕ್ಕದ ಬಣ್ಣಗಳು ತಂತಮ್ಮ ನಡುವಿಗೆ ಹೊಂದದಿದ್ದರೆ ಆ ಬಿಳಿ ಮುಖದಿಂದ ಏನೂ ಉಪಯೋಗವಿಲ್ಲ. ಬಣ್ಣದ ಚೌಕ ನೋಡುವುದನ್ನು ಬಿಟ್ಟು ತುಣುಕು ನೋಡಲು ಶುರುಮಾಡಿದ ದಿನವೇ ಕ್ಯೂಬ್ ಅರ್ಥವಾಗತೊಡಗುತ್ತದೆ.

ಬುಡಾಪೆಸ್ಟ್‌ನಲ್ಲಿ ಎರ್ನೋ ರೂಬಿಕ್ ಇದನ್ನು ಮಾಡಿದ್ದು 1974ರಲ್ಲಿ. ಇದು ತಲುಪಬಹುದಾದ ಸ್ಥಿತಿಗಳ ಸಂಖ್ಯೆ 4,32,52,00,32,74,48,98,56,000. ಇಷ್ಟರಲ್ಲಿ ಯಾವುದನ್ನೇ ಕೊಟ್ಟರೂ ಹೆಚ್ಚೆಂದರೆ 20 ತಿರುವಿನಲ್ಲಿ ಬಿಡಿಸಬಹುದು ಎಂದು 2010ರಲ್ಲಿ ಕಂಪ್ಯೂಟರ್ ಲೆಕ್ಕದಿಂದ ಸಾಬೀತಾಯಿತು. ಇಲ್ಲಿ ಹೇಳುವ ಕ್ರಮಕ್ಕೆ ಸಾಮಾನ್ಯವಾಗಿ ನೂರಕ್ಕೂ ಹೆಚ್ಚು ತಿರುವು ಬೇಕಾಗುತ್ತದೆ. ಅದರ ಚಿಂತೆ ಬೇಡ. ಇದರಲ್ಲಿ ಪ್ರತಿ ಹಂತದ ಕೊನೆಗೂ ಆಗಿದೆಯೋ ಇಲ್ಲವೋ ಕಣ್ಣಿಗೆ ಕಾಣುತ್ತದೆ. ಹೊಸಬರಿಗೆ ಬೇಕಾದ್ದು ಅದೇ.

ಇನ್ನು ಗುರುತುಗಳು. ಆರ್ ಅಂದರೆ ಬಲಮುಖ, ಎಲ್ ಎಡಮುಖ, ಯು ಮೇಲಿನದು, ಡಿ ಕೆಳಗಿನದು, ಎಫ್ ನಮ್ಮ ಎದುರಿನದು. ಬರೀ ಅಕ್ಷರವಿದ್ದರೆ ಗಡಿಯಾರದ ಮುಳ್ಳಿನ ದಿಕ್ಕಿನಲ್ಲಿ ಕಾಲು ಸುತ್ತು. ಪಕ್ಕದಲ್ಲಿ ಚಿಕ್ಕ ಗೆರೆ ಇದ್ದರೆ ಅದರ ವಿರುದ್ಧ ದಿಕ್ಕು, ಓದುವಾಗ ಪ್ರೈಮ್ ಅನ್ನುತ್ತೇವೆ. 2 ಇದ್ದರೆ ಅರ್ಧ ಸುತ್ತು. ದಿಕ್ಕು ಲೆಕ್ಕ ಹಾಕುವುದು ಆ ಮುಖವನ್ನು ನೇರವಾಗಿ ನೋಡಿದಾಗ ಕಾಣುವಂತೆ. ಎಡವುವುದು ಇಲ್ಲೇ. ಆರ್ ಮಾಡಿದಾಗ ಎದುರಿನ ಬಲಸಾಲು ಮೇಲೇರಬೇಕು, ಎಲ್ ಮಾಡಿದಾಗ ಎದುರಿನ ಎಡಸಾಲು ಕೆಳಗಿಳಿಯಬೇಕು. ಯು ಮಾಡಿದಾಗ ಎದುರಿನ ಮೇಲುಸಾಲು ಎಡಕ್ಕೆ, ಡಿ ಮಾಡಿದಾಗ ಎದುರಿನ ಕೆಳಸಾಲು ಬಲಕ್ಕೆ. ಈ ನಾಲ್ಕನ್ನು ಕೈಗೆ ಹತ್ತಿಸಿಕೊಂಡ ಮೇಲೇ ಮುಂದಿನದನ್ನು ಓದಿ.

ಮೊದಲ ಹಂತಕ್ಕೆ ಹಳದಿ ನಡುವನ್ನು ಮೇಲೆ ಹಿಡಿಯಿರಿ. ಅದರ ಸುತ್ತ ನಾಲ್ಕು ಬಿಳಿ ಅಂಚು ತುಣುಕುಗಳನ್ನು ಹೂವಿನ ದಳದಂತೆ ಕೂರಿಸಬೇಕು. ಇದಕ್ಕೆ ಸೂತ್ರವಿಲ್ಲ. ನಡುಪದರದಲ್ಲಿರುವ ಬಿಳಿ ಅಂಚು ಪಕ್ಕದ ಮುಖದ ಒಂದೇ ತಿರುವಿಗೆ ಮೇಲೆ ಬರುತ್ತದೆ. ತರುವ ಮುಂಚೆ ಅದು ಬಂದು ಕೂರುವ ಜಾಗ ಖಾಲಿ ಇದೆಯೇ ನೋಡಿ. ಅಲ್ಲಿ ಆಗಲೇ ಒಂದು ದಳ ಕೂತಿದ್ದರೆ ಯು ತಿರುಗಿಸಿ ಅದನ್ನು ಸರಿಸಿ. ಇದನ್ನು ನೋಡದೆ ತಿರುಗಿಸಿದರೆ ಒಂದು ಬಂದು ಇನ್ನೊಂದು ಹೋಗುತ್ತಲೇ ಇರುತ್ತದೆ. ಬಿಳಿ ಪೂರ್ತಿ ಕೆಳಮುಖವಾಗಿದ್ದರೆ ಆ ಪಕ್ಕದ ಮುಖವನ್ನು ಅರ್ಧ ಸುತ್ತಿಸಿದರೆ ಆಯಿತು. ತುಣುಕು ಮೇಲಿನ ಅಥವಾ ಕೆಳಗಿನ ಪದರದಲ್ಲಿದ್ದು ಬಿಳಿ ಪಕ್ಕಕ್ಕೆ ನೋಡುತ್ತಿದ್ದರೆ ಆ ಮುಖವನ್ನು ಕಾಲು ಸುತ್ತು ತಿರುಗಿಸಿ ನಡುಪದರಕ್ಕೆ ತನ್ನಿ, ಅಲ್ಲಿಂದ ಮೇಲೆತ್ತಿ.

ನಾಲ್ಕೂ ಬಂದ ಮೇಲೆ ಒಂದು ದಳದ ಪಕ್ಕದ ಬಣ್ಣ ನೋಡಿ. ಅದು ಕೆಂಪಾಗಿದ್ದರೆ, ಕೆಂಪು ನಡುವಿನ ನೇರಕ್ಕೆ ಬರುವವರೆಗೆ ಯು ತಿರುಗಿಸಿ, ಆಮೇಲೆ ಕೆಂಪು ಮುಖವನ್ನು ಅರ್ಧ ಸುತ್ತಿಸಿ. ಉಳಿದ ಮೂರಕ್ಕೂ ಹೀಗೇ, ಒಂದೊಂದಾಗಿ. ಕೆಳಗೆ ಬಿಳಿ ಕೂಡುಗುರುತು ಮೂಡುತ್ತದೆ, ಅದರ ನಾಲ್ಕು ತುದಿಯೂ ಪಕ್ಕದ ನಡುಗಳಿಗೆ ಹೊಂದಿರುತ್ತದೆ.

ಇಲ್ಲಿಂದ ಕೊನೆಯವರೆಗೂ ಬಿಳಿ ಕೆಳಗೇ ಇರಲಿ. ಬಿಳಿ ಮೂಲೆಗಳಿಗೆ ಬೇಕಾದ ಸೂತ್ರ ಇದು:

ಆರ್ ಯು ಆರ್' ಯು'

ಮೇಲಿನ ಪದರದಲ್ಲಿ ಬಿಳಿ ಇರುವ ಒಂದು ಮೂಲೆ ಹುಡುಕಿ. ಅದರ ಉಳಿದೆರಡು ಬಣ್ಣ ಹಸಿರು, ಕೆಂಪು ಅಂತಿಟ್ಟುಕೊಳ್ಳಿ. ಹಸಿರು ಮತ್ತು ಕೆಂಪು ನಡುಗಳು ಸೇರುವ ಮೂಲೆಯೇ ಅದರ ಮನೆ. ಆ ಮನೆ ನಿಮ್ಮ ಎದುರು ಬಲಗಡೆ ಕೆಳಗೆ ಬರುವಂತೆ ಕ್ಯೂಬ್ ಹಿಡಿದು, ಯು ತಿರುಗಿಸಿ ತುಣುಕನ್ನು ಅದರ ನೇರ ಮೇಲಕ್ಕೆ ತನ್ನಿ. ಈಗ ಸೂತ್ರ ಹಾಕುತ್ತಾ ಹೋಗಿ. ಬಿಳಿ ಬಲಕ್ಕೆ ನೋಡುತ್ತಿದ್ದರೆ ಒಂದೇ ಸಲಕ್ಕೆ ಕೂರುತ್ತದೆ. ಬಿಳಿ ಮೇಲಕ್ಕೆ ನೋಡುತ್ತಿದ್ದರೆ ಮೂರು ಸಲ, ನಿಮ್ಮ ಕಡೆ ನೋಡುತ್ತಿದ್ದರೆ ಐದು ಸಲ ಬೇಕು. ಆರು ಸಲ ಹಾಕಿದರೆ ಕ್ಯೂಬ್ ಶುರುವಿನ ಸ್ಥಿತಿಗೇ ಮರಳುತ್ತದೆ. ಹಾಗಾಗಿ ಐದು ದಾಟಿದರೂ ಕೂರಲಿಲ್ಲ ಅಂದರೆ ಒಂದೋ ತುಣುಕು ಆ ಮನೆಯದಲ್ಲ, ಇಲ್ಲವೇ ನಡುವೆ ಎಲ್ಲೋ ಒಂದು ತಿರುವು ತಪ್ಪಿದೆ. ಹೆಚ್ಚಾಗಿ ತಪ್ಪುವುದು ಕೊನೆಯ ಯು'. ಮೂಲೆ ಕೂತದ್ದು ಕಂಡ ಕೂಡಲೇ ಕೈ ಅಲ್ಲಿಗೇ ನಿಲ್ಲುತ್ತದೆ. ಮುಗಿಯುವ ಕೊನೆಯ ಸರದಿಯಲ್ಲಿ ಅದರಿಂದ ಹಾನಿಯಿಲ್ಲ, ನಡುವಿನ ಸರದಿಗಳಲ್ಲಿ ಬಿಟ್ಟರೆ ಲೆಕ್ಕವೇ ತಪ್ಪಿಹೋಗುತ್ತದೆ. ನಾಲ್ಕೂ ತಿರುವನ್ನು ಪೂರ್ತಿ ಮಾಡುವ ಅಭ್ಯಾಸವೇ ಒಳ್ಳೆಯದು. ಬಿಳಿ ಮೂಲೆಯೊಂದು ಕೆಳಗೇ ಇದ್ದು ತಪ್ಪು ಜಾಗದಲ್ಲೋ ತಪ್ಪು ದಿಕ್ಕಿಗೋ ಕೂತಿದ್ದರೆ, ಅದನ್ನು ಎದುರು ಬಲಕ್ಕೆ ತಂದು ಸೂತ್ರ ಒಮ್ಮೆ ಹಾಕಿ ಮೇಲೆತ್ತಿ, ಆಮೇಲೆ ಮನೆಗೆ ಕಳಿಸಿ.

ನಡುಪದರ ಬೇಗ ಮುಗಿಯುತ್ತದೆ. ಮೇಲಿನ ಪದರದಲ್ಲಿ ಹಳದಿ ಇಲ್ಲದ ಅಂಚು ಹುಡುಕಿ, ಅದರ ಪಕ್ಕದ ಬಣ್ಣವನ್ನು ತನ್ನ ನಡುವಿನ ನೇರಕ್ಕೆ ತಂದು, ಆ ಮುಖವನ್ನು ಎದುರಿಗೆ ಹಿಡಿಯಿರಿ. ಅಂಚಿನ ಮೇಲಿನ ಬಣ್ಣ ಬಲಮುಖದ್ದಾದರೆ ಹೀಗೆ:

ಯು ಆರ್ ಯು' ಆರ್' ಯು' ಎಫ್' ಯು ಎಫ್

ಎಡಮುಖದ್ದಾದರೆ ಹೀಗೆ:

ಯು' ಎಲ್' ಯು ಎಲ್ ಯು ಎಫ್ ಯು' ಎಫ್'

ಎರಡೂ ಸೂತ್ರ ತುಣುಕನ್ನು ಮೊದಲು ಅದರ ಮನೆಯಿಂದ ದೂರಕ್ಕೆ ಸರಿಸುವುದರಿಂದಲೇ ಶುರುವಾಗುತ್ತವೆ, ಬಲಕ್ಕೆ ಹೋಗಬೇಕಾದ್ದು ಮೊದಲು ಎಡಕ್ಕೆ. ಇದು ನೆನಪಿದ್ದರೆ ಮೊದಲ ತಿರುವು ತಪ್ಪುವುದಿಲ್ಲ. ಮೇಲಿನ ನಾಲ್ಕು ಅಂಚಿನಲ್ಲೂ ಹಳದಿ ಇದ್ದು ನಡುಪದರ ಮಾತ್ರ ಆಗಿಲ್ಲ ಅಂದರೆ, ಬೇಕಾದ ತುಣುಕು ನಡುಪದರದಲ್ಲೇ ತಪ್ಪಾಗಿ ಸಿಕ್ಕಿಕೊಂಡಿದೆ. ಆ ಜಾಗವನ್ನು ಎದುರು ಬಲಕ್ಕೆ ಹಿಡಿದು ಮೊದಲ ಸೂತ್ರ ಒಮ್ಮೆ ಹಾಕಿದರೆ ಅದು ಮೇಲೆ ಬರುತ್ತದೆ.

ಈಗ ಹಳದಿ ಮುಖ. ಮೊದಲು ಮೂಲೆಗಳನ್ನು ಲೆಕ್ಕಕ್ಕೇ ತೆಗೆದುಕೊಳ್ಳಬೇಡಿ, ನಾಲ್ಕು ಅಂಚುಗಳನ್ನಷ್ಟೇ ನೋಡಿ. ಹಳದಿ ಮೇಲಿರುವ ಅಂಚು ಒಂದೂ ಇಲ್ಲದಿರಬಹುದು, ಎರಡಿರಬಹುದು, ನಾಲ್ಕೂ ಇರಬಹುದು.

ಎಫ್ ಆರ್ ಯು ಆರ್' ಯು' ಎಫ್'

ಎರಡು ಎದುರುಬದುರಾಗಿದ್ದು ಗೆರೆಯಂತೆ ಕಂಡರೆ, ಗೆರೆಯನ್ನು ಎಡದಿಂದ ಬಲಕ್ಕೆ ಅಡ್ಡಲಾಗಿ ಹಿಡಿದು ಒಮ್ಮೆ ಹಾಕಿ. ಎರಡು ಅಕ್ಕಪಕ್ಕದಲ್ಲಿದ್ದರೆ ಒಂದು ಹಿಂದೆ, ಒಂದು ಎಡಕ್ಕೆ ಬರುವಂತೆ ಹಿಡಿದು, ಹಿಡಿತ ಬದಲಿಸದೆ ಎರಡು ಸಲ. ಒಂದೂ ಇಲ್ಲದಿದ್ದರೆ ಹೇಗೆ ಹಿಡಿದರೂ ಸರಿ, ಒಮ್ಮೆ ಹಾಕಿ. ಅಕ್ಕಪಕ್ಕದ ಎರಡು ಬರುತ್ತವೆ. ಅವು ಬರುವುದು ಎದುರು ಮತ್ತು ಬಲಕ್ಕೆ, ಆದ್ದರಿಂದ ಕ್ಯೂಬನ್ನು ಅರ್ಧ ಸುತ್ತಿಸಿ ಹಿಡಿದು ಮತ್ತೆ ಎರಡು ಸಲ ಹಾಕಬೇಕು. ಗೆರೆಯನ್ನು ಉದ್ದಕ್ಕೆ ಹಿಡಿದು ಹಾಕಿ, ಆಗಲಿಲ್ಲ ಅಂತ ಮತ್ತೆ ಮತ್ತೆ ಹಾಕುತ್ತಾ ಕೂರುವುದು ಈ ಹಂತದ ಖಾಯಂ ಗೋಳು.

ಹಳದಿ ಕೂಡುಗುರುತು ಬಂದ ಮೇಲೆ ಅದರ ತುದಿಗಳನ್ನು ಪಕ್ಕದ ನಡುಗಳಿಗೆ ಹೊಂದಿಸಬೇಕು. ಯು ತಿರುಗಿಸುತ್ತಾ ಹೋದರೆ ಕಡೇಪಕ್ಷ ಎರಡು ಹೊಂದುವ ಸ್ಥಿತಿ ಸಿಕ್ಕೇ ಸಿಗುತ್ತದೆ. ಹೊಂದಿದ ಎರಡು ಅಕ್ಕಪಕ್ಕದಲ್ಲಿದ್ದರೆ ಒಂದನ್ನು ಹಿಂದೆ, ಒಂದನ್ನು ಬಲಕ್ಕೆ ಇಟ್ಟು ಈ ಸೂತ್ರ:

ಆರ್ ಯು ಆರ್' ಯು ಆರ್ ಯು2 ಆರ್' ಯು

ಇದು ಎದುರಿನ ಅಂಚನ್ನೂ ಎಡದ ಅಂಚನ್ನೂ ಅದಲುಬದಲು ಮಾಡುತ್ತದೆ. ಹೊಂದಿದ ಎರಡು ಎದುರುಬದುರಾಗಿದ್ದರೆ ಒಮ್ಮೆ ಹಾಗೇ ಹಾಕಿ, ಯು ತಿರುಗಿಸಿ ಅಕ್ಕಪಕ್ಕದ ಜೋಡಿ ಹುಡುಕಿ, ಮತ್ತೆ ಹಾಕಿ. ಹಿಂದೆ ಹೇಳಿದ ಸೂತ್ರದ ಹಿಡಿತ ಹಿಂದೆ-ಎಡ, ಇದರದ್ದು ಹಿಂದೆ-ಬಲ. ಇವೆರಡು ತಲೆಯಲ್ಲಿ ಕಲಸಿಹೋಗುವುದು ಬಹಳ ಸಾಮಾನ್ಯ. ಕಾಗದದ ಮೇಲೆ ಎರಡು ಚೌಕ ಬರೆದು ಗುರುತು ಹಾಕಿಟ್ಟುಕೊಳ್ಳಿ.

ಉಳಿದದ್ದು ನಾಲ್ಕು ಮೂಲೆ. ಮೊದಲು ಜಾಗ, ಆಮೇಲೆ ದಿಕ್ಕು. ಮೂಲೆಯ ಮೂರು ಬಣ್ಣವೂ ಸುತ್ತಲಿನ ಮೂರು ನಡುಗಳದ್ದೇ ಆಗಿದ್ದರೆ ಅದು ತನ್ನ ಜಾಗದಲ್ಲಿದೆ. ಬಣ್ಣ ತಿರುಗಿ ಕೂತಿದ್ದರೂ ಈಗ ಪರವಾಗಿಲ್ಲ. ಅಂಥದ್ದು ಒಂದು ಸಿಕ್ಕರೆ ಅದನ್ನು ಎದುರು ಬಲಗಡೆ ಮೇಲೆ ಇಟ್ಟು ಹಾಕಬೇಕಾದ್ದು:

ಯು ಆರ್ ಯು' ಎಲ್' ಯು ಆರ್' ಯು' ಎಲ್

ಬೇರೆ ಮೂರು ಮೂಲೆಗಳು ಸುತ್ತು ಹೊಡೆಯುತ್ತವೆ. ಒಂದು ಸಲ, ಹೆಚ್ಚೆಂದರೆ ಎರಡು ಸಲಕ್ಕೆ ಎಲ್ಲ ಜಾಗ ಸೇರುತ್ತವೆ. ಒಂದೂ ಸರಿಯಿಲ್ಲದಿದ್ದರೆ ಯಾವ ಕಡೆಯಿಂದಾದರೂ ಒಮ್ಮೆ ಹಾಕಿ, ಆಗ ಒಂದು ಸರಿಯಾದದ್ದು ಸಿಗುತ್ತದೆ.

ಕೊನೆಯ ಸೂತ್ರ ನಾಲ್ಕೇ ತಿರುವು, ಧೈರ್ಯ ಬೇಕಾದ್ದು ಮಾತ್ರ ಇದಕ್ಕೇ:

ಆರ್' ಡಿ' ಆರ್ ಡಿ

ಹಳದಿ ಮೇಲಿರಲಿ. ತಿರುಗಿ ಕೂತ ಒಂದು ಮೂಲೆಯನ್ನು ಎದುರು ಬಲಗಡೆ ಮೇಲೆ ಇಟ್ಟುಕೊಳ್ಳಿ. ಅದರ ಹಳದಿ ಬಲಕ್ಕೆ ನೋಡುತ್ತಿದ್ದರೆ ಎರಡು ಸಲ, ನಿಮ್ಮ ಕಡೆ ನೋಡುತ್ತಿದ್ದರೆ ನಾಲ್ಕು ಸಲ ಹಾಕಿದಾಗ ಹಳದಿ ಮೇಲೆ ಬರುತ್ತದೆ. ಅಷ್ಟರಲ್ಲಿ ಕೆಳಗಿನ ಎರಡು ಪದರ ಚೆಲ್ಲಾಪಿಲ್ಲಿಯಾಗಿರುತ್ತದೆ. ಎಲ್ಲ ಹಾಳಾಯಿತು ಅಂತ ಇಲ್ಲಿ ಕೈಬಿಟ್ಟವರು ಎಷ್ಟೋ ಜನ. ಹಾಳಾಗಿಲ್ಲ. ಈ ನಾಲ್ಕು ತಿರುವಿನ ಗುಂಪು ಆರು ಸಲಕ್ಕೊಮ್ಮೆ ಎಲ್ಲವನ್ನೂ ಮೊದಲಿನಂತೆ ಮಾಡುತ್ತದೆ. ಎರಡು ಮೂಲೆ ತಿರುಗಿದ್ದರೆ ಲೆಕ್ಕ ಎರಡು ಕೂಡಿಸು ನಾಲ್ಕು. ಮೂರು ತಿರುಗಿದ್ದರೆ ಎರಡರಂತೆ ಮೂರು ಸಲ ಅಥವಾ ನಾಲ್ಕರಂತೆ ಮೂರು ಸಲ. ಒಟ್ಟು ಯಾವಾಗಲೂ ಆರರ ಗುಣಕವೇ ಆಗುವುದರಿಂದ ಕೊನೆಯ ಮೂಲೆ ಸರಿಯಾಗುವಾಗ ಕೆಳಗಿನದೂ ತಾನಾಗಿ ಕೂಡಿಕೊಳ್ಳುತ್ತದೆ.

ಇಲ್ಲಿ ಎರಡು ವಿಷಯದಲ್ಲಿ ಕಟ್ಟುನಿಟ್ಟಾಗಿರಿ. ಮುಂದಿನ ಮೂಲೆಗೆ ಹೋಗುವಾಗ ಇಡೀ ಕ್ಯೂಬನ್ನು ತಿರುಗಿಸಕೂಡದು, ಯು ಮಾತ್ರ ತಿರುಗಿಸಿ ಮೂಲೆಯನ್ನು ಅದೇ ಜಾಗಕ್ಕೆ ತರಬೇಕು. ಎದುರಿನ ನಡುವಿನ ಬಣ್ಣದ ಮೇಲೆ ಎಡಗೈ ಹೆಬ್ಬೆರಳು ಒತ್ತಿ ಹಿಡಿದರೆ ಇದು ತಪ್ಪುವುದಿಲ್ಲ. ಇನ್ನೊಂದು, ಹಳದಿ ಮೇಲೆ ಬಂದದ್ದು ಕಂಡರೂ ಆ ಸರದಿಯ ಕೊನೆಯ ಡಿ ಮಾಡಲೇಬೇಕು. ಆರ್ ಆದ ಕೂಡಲೇ ಹಳದಿ ಕಾಣುತ್ತದೆ, ಕಣ್ಣು ಅಲ್ಲಿಗೆ ನಿಲ್ಲಿಸುತ್ತದೆ, ಒಂದು ಡಿ ಉಳಿದುಬಿಡುತ್ತದೆ. ಎಲ್ಲ ಮುಗಿದ ಮೇಲೆ ಮೇಲಿನ ಪದರವನ್ನು ಸರಿಯಾಗಿ ಹೊಂದಿಸಿದರೆ ಕ್ಯೂಬ್ ಆಯಿತು.

ಎಲ್ಲ ಸರಿಯಾಗಿ ಮಾಡಿದರೂ ಕ್ಯೂಬ್ ಆಗದಿರುವ ಸಂದರ್ಭವೂ ಇದೆ. ಕೆಳಗೆ ಬಿದ್ದು ತುಣುಕು ಕಳಚಿ, ಮನೆಯಲ್ಲಿ ಯಾರೋ ಹೇಗೋ ಕೂರಿಸಿಟ್ಟಿದ್ದರೆ, ಅದು ಬಿಡಿಸಬಹುದಾದ ಸ್ಥಿತಿಯಲ್ಲಿರುವ ಸಾಧ್ಯತೆ 12ರಲ್ಲಿ 1 ಮಾತ್ರ. ಇದನ್ನು ಹಳದಿ ಪದರದಲ್ಲೇ ಪತ್ತೆ ಮಾಡಬಹುದು. ಕೂಡುಗುರುತಿನ ಹಂತದಲ್ಲಿ ಹಳದಿ ಮೇಲಿರುವ ಅಂಚು ಒಂದು ಅಥವಾ ಮೂರು ಕಂಡರೆ ಒಂದು ಅಂಚನ್ನು ತಿರುಗುಮುರುಗಾಗಿ ಹಾಕಿದ್ದಾರೆ. ಅಂಚುಗಳೆಲ್ಲ ಹೊಂದಿ ಮೂಲೆಗಳಲ್ಲಿ ಸರಿಯಾಗಿ ಎರಡು ಮಾತ್ರ ತಮ್ಮ ಜಾಗದಲ್ಲಿದ್ದರೆ ಎರಡು ತುಣುಕು ಅದಲುಬದಲಾಗಿವೆ. ಕೊನೆಗೆ ಒಂದೇ ಒಂದು ಮೂಲೆ ತಿರುಗಿ ಉಳಿದರೆ ಆ ಮೂಲೆಯನ್ನು ಯಾರೋ ಹಿಂಡಿ ತಿರುಗಿಸಿದ್ದಾರೆ. ಸಡಿಲವಾದ ಸ್ಪೀಡ್ ಕ್ಯೂಬ್‌ಗಳಲ್ಲಿ ಮೂಲೆ ತಾನಾಗಿಯೂ ಹೊರಳುತ್ತದೆ. ಅವುಗಳಲ್ಲಿ ಬೆರಳಿನಿಂದಲೇ ಮರಳಿ ತಿರುಗಿಸಬಹುದು. ಬಿಗಿಯಾದ ಅಗ್ಗದ ಕ್ಯೂಬಿನಲ್ಲಿ ಹಾಗೆ ಮಾಡಹೋದರೆ ಒಳಗಿನ ಕಾಲು ಮುರಿಯುತ್ತದೆ. ಅದಕ್ಕೆ ಮೇಲಿನ ಪದರವನ್ನು ಅರ್ಧಂಬರ್ಧ, ಅಂದರೆ 45 ಡಿಗ್ರಿಯಷ್ಟು ತಿರುಗಿಸಿ, ಒಂದು ಅಂಚು ತುಣುಕಿನ ಕೆಳಗೆ ಹೆಬ್ಬೆರಳಿಟ್ಟು ಮೇಲಕ್ಕೆ ಮೀಟಿ. ಒಂದು ಅಂಚು ಹೊರಬಂದರೆ ಪಕ್ಕದ ಮೂಲೆಗಳು ಸಲೀಸಾಗಿ ಬರುತ್ತವೆ. ತಪ್ಪಿದ ತುಣುಕನ್ನು ಸರಿಯಾಗಿ ಕೂರಿಸಿ, ಅಂಚನ್ನು ಕೊನೆಗೆ ಒತ್ತಿ ಹಾಕಿ. ಬಿಚ್ಚಿದಾಗ ಒಳಗೆ ಸೇರಿದ ಧೂಳು ಒರೆಸಿ, ಸಿಲಿಕೋನ್ ಎಣ್ಣೆ ಎರಡು ಹನಿ ಬಿಟ್ಟರೆ ತಿರುವು ಹಗುರಾಗುತ್ತದೆ. ಕೊಬ್ಬರಿ ಎಣ್ಣೆ ಹಾಕಬೇಡಿ, ಧೂಳು ಹಿಡಿದು ಅಂಟಂಟಾಗುತ್ತದೆ.